ಕಾಕಾ ಕೇಳಿದ ಅಪ್ಪಣೆ

ಟಿವಿಯೊಳಗೆ ನಿಂತು, ಹೊರಗಿನವರ ಉತ್ತರಕ್ಕಾಗಿ ಕಾದ ಮಹಾನುಭಾವ ಈ ಭೂಮಿಯ ಮೇಲೆ ಒಬ್ಬರೇ. ಅವರು ನಮ್ಮ ಕಾಕಾ. ಹಾಗೆ ಕಾಯುವಂತೆ ಮಾಡಿದ ಮಹಾನುಭಾವ ಯಾರು ಅಂತೀರಿ? ನಾನೇ!

ಹೆಬ್ಬಳ್ಳಿಯ ಗೀಗೀ ಮೇಳಕ್ಕೆ ಕಾಕಾ ಮುಂದಾಳು, ನಾನು ದಪ್ಪು ಬಾರಿಸುವವ. ಹಾಡುವ ಮುಂಚೆ ಕಾಕಾ ಕೂತವರಿಗೆಲ್ಲ ಕೈಮುಗಿದು "ಹಾಡ್ಲೇನ್ರಿ?" ಅನ್ನಬೇಕು. "ಹಾಡ್ರಿ" ಎಂದು ಯಾರಾದರೂ ಅಪ್ಪಣೆ ಕೊಡುವವರೆಗೆ ಬಾಯಿ ತೆರೆಯುವ ಪೈಕಿಯವರಲ್ಲ. ಒಂದು ಮದುವೆಯಲ್ಲಿ ಜನರೆಲ್ಲ ಊಟಕ್ಕೆ ಎದ್ದುಹೋಗಿದ್ದರು. ಅಡುಗೆಯವನನ್ನೇ ಎಳೆದು ತಂದೆ.

"ಮೊದ್ಲ ಸೌಟ ಕೆಳಗಿಟ್ಟು ಹೇಳಪಾ" ಅಂದರು ಕಾಕಾ.

ಊರೆಲ್ಲ ಕೇಳಿದ ಕಾಕಾರ ಹಾಡನ್ನು ಕೇಳದವರೆಂದರೆ ಕಾಕಿ ಮಾತ್ರ. ಗಂಡ ಹಾಡುವಲ್ಲಿ ಹೆಂಡತಿ ಹೋಗಿ ಕೂರುವುದು ನಮ್ಮ ಮನೆಯ ರೂಢಿಯಲ್ಲ. ಟಿವಿ ಹೊಸದಾಗಿ ಬಂದ ಆ ದಿನಗಳಲ್ಲಿ ಬೆಂಗಳೂರಿನ ಸ್ಟುಡಿಯೊದಿಂದ ಕರೆ ಬಂದಾಗ ಕಾಕಾ ಒಪ್ಪಿದ್ದು ಅದಕ್ಕೇ.

"ನಿಮ್ಮ ಕಾಕಿ ಒಮ್ಮೆರ ಕೇಳ್ತಾಳೋ."

ಸ್ಟುಡಿಯೊದಲ್ಲಿ ಎಲ್ಲರೂ ತುಟಿಯ ಮೇಲೆ ಬೆರಳಿಟ್ಟು ನಿಂತಿದ್ದರು. ಕಾಕಾ ಕಂಗಾಲು.

"ಯಾರ್ನ ಕೇಳ್ಲಿ?"

"ಆ ಕ್ಯಾಮೆರಾಕ್ಕ ಕೇಳ್ರಿ ಕಾಕಾ. ನೋಡೋರು ಮನ್ಯಾಗಿಂದ ಹೇಳ್ತಾರ. ಒಂದೀಟು ತಡಾ ಆಗತೈತಿ."

ಸುಳ್ಳು ಹೇಳುವುದರಲ್ಲಿ ನನಗೆ ಅಂದೂ ಸರಿಸಾಟಿಯಿರಲಿಲ್ಲ, ಇಂದೂ ಇಲ್ಲ. ಕಾಕಾ ಕ್ಯಾಮೆರಾಕ್ಕೆ ಕೈಮುಗಿದು ಕೇಳಿದರು. ಕಾದರು. ಕಾದೇ ಕಾದರು. ಸ್ಟುಡಿಯೊದ ಅಧಿಕಾರಿಯ ಮುಖ ಕೆಂಪಾಯಿತು. ಕೊನೆಗೆ ನಾನೇ ದಪ್ಪಿನ ಹಿಂದೆ ಮುಖ ಮುಚ್ಚಿಕೊಂಡು, "ಹೇಳಿದ್ರು, ಇನ್ನ ಹಾಡ್ರಿ" ಎಂದು ಪಿಸುಗುಟ್ಟಿದೆ.

ಅದು ಪ್ರಸಾರವಾದ ದಿನ ನೆರೆಮನೆಯ ಟಿವಿ ಮುಂದೆ ಇಡೀ ಓಣಿಯೇ ಕೂತಿತ್ತು. ಕಾದದ್ದನ್ನು ಯಾರೂ ಕತ್ತರಿಸಿರಲಿಲ್ಲ. ಪರದೆಯ ಮೇಲೆ ಕಾಕಾ ಕೈಮುಗಿದು ಕೇಳಿದರು. ಕಾಯತೊಡಗಿದರು. ನಾನು ನಗಲು ಬಾಯಿ ತೆರೆಯುವಷ್ಟರಲ್ಲಿ, ಬಾಗಿಲ ಬಳಿ ನಿಂತಿದ್ದ ಕಾಕಿ ಸೆರಗು ಸರಿಮಾಡಿಕೊಂಡು ಅಂದರು:

"ಹಾಡ್ರಿ ಮತ್ತ. ಎಷ್ಟೊತ್ತು ಕಾಯ್ತೀರಿ?"

ಪರದೆಯ ಕಾಕಾ ಹಾಡತೊಡಗಿದರು. ನನ್ನ ಪಕ್ಕದಲ್ಲಿದ್ದ ಕಾಕಾ ನನ್ನ ತೊಡೆ ಚಿವುಟಿ, "ನೀ ಹೇಳಿದ್ದು ಖರೇನ ಐತಲೇ" ಅಂದರು. ನಾನು ನಗಲಿಲ್ಲ.

ಕಾಕಿ ತೀರಿಕೊಂಡು ಮೂರು ವರ್ಷವಾಯಿತು. ಆ ಹಾಡು ಈಗ ಕಾಕಾರ ಫೋನಿನಲ್ಲಿದೆ. ಮೊನ್ನೆ ಹೋದಾಗ ಹಚ್ಚಿದರು. ಫೋನಿನೊಳಗಿನ ಕಾಕಾ ಅಪ್ಪಣೆ ಕೇಳಿ ಸುಮ್ಮನೆ ನಿಂತರು. ತಡೆಯಲಾಗದೆ ನಾನೇ "ಹಾಡ್ರಿ" ಅಂದೆ.

ಕಾಕಾ ನನ್ನ ಬಾಯಿಗೆ ಕೈ ಅಡ್ಡ ಹಿಡಿದರು.

"ನೀ ಸುಮ್ನಿರಪಾ. ಆಕಿ ಹೇಳ್ಲಿ. ಒಂದೀಟು ತಡಾ ಆಗತೈತಿ."