ಹಿಂದಿನ ಸೀಟಿನ ಇಬ್ಬರು

ತಪ್ಪು ಕಾರಿನದಲ್ಲ. ಪಾಪ, ಅದು ಮೂರು ತಿಂಗಳಿಂದ ಹಿಂದಿನ ಚಕ್ರಗಳಲ್ಲಿ ಕರ್ರ್ ಕರ್ರ್ ಎಂದು ಹಲ್ಲು ಕಡಿಯುತ್ತಲೇ ಇತ್ತು. ಅಂಗೈಯಗಲದ ಅಂಗಡಿಯಲ್ಲಿ ಮೂವತ್ತೆಂಟು ವರ್ಷ ಗಡಿಯಾರ ರಿಪೇರಿ ಮಾಡಿದ ಮನುಷ್ಯ, ಪಕ್ಕದ ಮನೆಯ ಗಡಿಯಾರ ಹಿಂದೆ ಬೀಳುತ್ತಿದೆ ಎಂದು ಗೋಡೆಯ ಈಚೆಯಿಂದಲೇ ಹೇಳಬಲ್ಲವರು, ತಮ್ಮದೇ ಕಾರಿನ ಗೋಳನ್ನು ಕೇಳಿಸಿಕೊಂಡದ್ದು ಅದು ಮನೆ ಬಿಟ್ಟು ಹೋಗುವ ಹಿಂದಿನ ದಿನ!

ಬೀದಿಯಲ್ಲಿ ಎಲ್ಲರೂ ಅವರನ್ನು ಗಡಿಯಾರದವರು ಎಂದೇ ಕರೆಯುತ್ತಿದ್ದರು. ನಾವೂ ಹಾಗೇ ಕರೆಯೋಣ. ಹತ್ತಿರದ್ದೆಲ್ಲ ಅವರಿಗೆ ಚೆನ್ನಾಗಿಯೇ ಕಾಣುತ್ತಿತ್ತು, ದೂರದ್ದು ಮಾತ್ರ ಮಂಜು. ಕಣ್ಣಿನ ಡಾಕ್ಟರು, "ಇನ್ಮೇಲೆ ಸ್ಟೀರಿಂಗ್ ಮುಟ್ಟಬೇಡಿ" ಎಂದು ಖಡಾಖಂಡಿತವಾಗಿ ಹೇಳಿದ ಮೇಲೆ ಇಪ್ಪತ್ತೆರಡು ವರ್ಷದ ಕಾರನ್ನು ಮಾರುವುದೆಂದು ತೀರ್ಮಾನವಾಯಿತು. ಗಿರಾಕಿಯನ್ನು ಹುಡುಕಿದ್ದು ಅವರ ಭಾಮೈದ.

"ಒಳ್ಳೆ ಜನ ಸಿಕ್ಕಿದಾರೆ ಭಾವ," ಎಂದಿದ್ದ. "ಪೋಸ್ಟಾಫೀಸಲ್ಲಿ ಗುಮಾಸ್ತ. ಎರಡು ಹೆಣ್ಮಕ್ಕಳು. ದೊಡ್ಡವಳಿಗೆ ಎಂಟು, ಚಿಕ್ಕವಳಿಗೆ ಐದು. ಭಾನುವಾರ ನಾಲ್ಕು ಗಂಟೆಗೆ ಬಂದು ತಗೊಂಡು ಹೋಗ್ತಾರೆ."

ಆ ಕಾರಿನ ಹಿಂದಿನ ಸೀಟಿನ ವಿಷಯ ಇಲ್ಲೇ ಹೇಳಿಬಿಡಬೇಕು. ಕಾರು ಕೊಳ್ಳುವಾಗ ಗಡಿಯಾರದವರು ಹಿಂದೆ ಜಾಗ ಜಾಸ್ತಿ ಇರುವುದೇ ಬೇಕೆಂದು ಹಟ ಹಿಡಿದಿದ್ದರು. ಕೂರುವವರು ಬರುತ್ತಾರೆ ಎಂಬ ನಂಬಿಕೆ. ಬರಲಿಲ್ಲ. ಮೊದಲು ಒಬ್ಬ ಡಾಕ್ಟರು, ಆಮೇಲೆ ಇನ್ನೊಬ್ಬ ಡಾಕ್ಟರು, ಆಮೇಲೆ ಗಂಡ ಹೆಂಡತಿ ಆ ಮಾತನ್ನೇ ಎತ್ತುವುದನ್ನು ಬಿಟ್ಟರು. ಹಿಂದಿನ ಸೀಟಿನಲ್ಲಿ ಕೂತು ಹೋದದ್ದೆಲ್ಲ ಗಿರಾಕಿಗಳ ಗೋಡೆ ಗಡಿಯಾರಗಳು. ಅವಕ್ಕೆ ಗಡಿಯಾರದವರು ಬೆಲ್ಟ್ ಬೇರೆ ಹಾಕುತ್ತಿದ್ದರು. ಸೀಟಿಗೆ ಕಂಪನಿಯವರು ಹೊದಿಸಿದ್ದ ಪ್ಲಾಸ್ಟಿಕ್ ಹಾಳೆ ಹಾಗೇ ಇತ್ತು. ಶನಿವಾರ ಅದನ್ನು ಕಿತ್ತು, ಸೀಟು ಒರೆಸಿ, ಡಾಕ್ಟರ ಮಾತು ಮೀರಿ ಬೀದಿ ಕೊನೆಯವರೆಗೆ ಒಂದೇ ಒಂದು ಸುತ್ತು ಹೋದರು. ಆಗ ಕೇಳಿಸಿತು, ಕರ್ರ್.

ಭಾನುವಾರ ಗ್ಯಾರೇಜುಗಳಿಗೆಲ್ಲ ರಜೆ. ಶನಿವಾರ ಸಂಜೆಯೇ ಬಿಡಿಭಾಗದ ಅಂಗಡಿಗೆ ಓಡಿ ಹೊಸ ಬ್ರೇಕ್ ಪ್ಯಾಡು ತಂದರು. ಅಂಗಡಿಯವನು ಡಬ್ಬಿಯ ಧೂಳು ಊದುತ್ತಾ, "ಈ ಗಾಡಿ ಇನ್ನೂ ಓಡ್ತಿದೆಯಾ ಸಾರ್?" ಎಂದು ಕೇಳಿದ್ದು ಗಡಿಯಾರದವರಿಗೆ ಅಷ್ಟು ಹಿಡಿಸಲಿಲ್ಲ.

ಬೆಳಗ್ಗೆ ಎಂಟಕ್ಕೆ ಗೇಟಿನೊಳಗೆ ಗೋಣಿಚೀಲ ಹಾಸಿಕೊಂಡು ಕೂತೇಬಿಟ್ಟರು.

"ಬಿಡ್ರೀ, ತಗೊಳ್ಳೋರು ಮಾಡಿಸ್ಕೋತಾರೆ," ಎಂದರು ಹೆಂಡತಿ, ಬಾಗಿಲಲ್ಲಿ ನಿಂತು.

"ನನ್ನ ಕೈಯಿಂದ ಹೋಗೋ ಸಾಮಾನು ಸರಿಯಾಗಿ ಹೋಗ್ಬೇಕು. ಗೊತ್ತಲ್ಲ ನಿಂಗೆ."

"ಇದು ಗಡಿಯಾರ ಅಲ್ಲ."

"ಅಲ್ಲ. ಅದು ನಿಂತ್ರೆ ತಪ್ಪು, ಇದು ನಿಲ್ಲದಿದ್ರೆ ತಪ್ಪು. ಅಷ್ಟೇ ವ್ಯತ್ಯಾಸ. ಹಿಂದೆ ಎರಡು ಮಕ್ಕಳು ಕೂತಿರ್ತಾವೆ ಕಣೇ!"

ಹೆಂಡತಿ ಏನೋ ಹೇಳಲು ಬಾಯಿ ತೆರೆದರು. ಆಮೇಲೆ, ಒಲೆ ಮೇಲೆ ಹಾಲಿಟ್ಟಿದ್ದೇನೆ ಎಂದು ಒಳಗೆ ಹೋದರು. ಒಲೆಯ ಮೇಲೆ ಹಾಲಿರಲಿಲ್ಲ.

ಗಡಿಯಾರದವರು ಜಾಕ್ ಕೊಟ್ಟು ಕಾರಿನ ಹಿಂಭಾಗವನ್ನು ಎತ್ತಿದರು. ಎತ್ತಿದ ಮೇಲೆ ಚಕ್ರದ ನಟ್ಟು ಬಿಚ್ಚಲು ಹೋದರು. ಸ್ಪ್ಯಾನರ್ ತಿರುಗಿಸಿದರೆ ನಟ್ಟಿನ ಜೊತೆ ಚಕ್ರವೂ ತಿರುಗಿತು. ಜೋರಾಗಿ ತಿರುಗಿಸಿದರೆ ಅದೂ ಜೋರಾಗಿ ತಿರುಗಿತು. ಹೀಗೆ ಐದಾರು ಸುತ್ತು ಆಗುವಷ್ಟರಲ್ಲಿ ಎದುರುಮನೆಯ ಕಾಂಪೌಂಡಿನಿಂದ ಗುಡುಗು ಕೇಳಿಸಿತು.

"ಇಳಿಸಿ! ಇಳಿಸಿ ಗಾಡೀನ! ಚಕ್ರ ನೆಲದ ಮೇಲಿದ್ದಾಗ್ಲೇ ನಟ್ಟು ಸಡಿಲ ಮಾಡ್ಬೇಕ್ರೀ!"

ಅದು ನಿವೃತ್ತ ಡ್ರಿಲ್ ಮೇಷ್ಟ್ರು. ಕಾಲು ಗಂಟೆಯಿಂದ ಕಾಫಿ ಲೋಟ ಹಿಡಿದುಕೊಂಡು, ಈ ಮನುಷ್ಯ ಯಾವಾಗ ತಪ್ಪು ಮಾಡುತ್ತಾನೋ ಎಂದು ಕಣ್ಣಲ್ಲಿ ಕಣ್ಣಿಟ್ಟು ಕಾದಿದ್ದರು. ಸದ್ದಿಗೆ ಮಹಡಿ ಮನೆಯ ವಿಮೆ ಏಜೆಂಟನೂ ಫೋನು ಹಿಡಿದು ಇಳಿದು ಬಂದ. ಅವನಿಗೆ ಯಾವ ಕೆಲಸವೂ ಬರುವುದಿಲ್ಲ, ಆದರೆ ಎಲ್ಲ ಕೆಲಸದ ವಿಡಿಯೋ ಅವನ ಹತ್ತಿರ ಇರುತ್ತದೆ.

"ಅಂಕಲ್, ಹನ್ನೊಂದೇ ನಿಮಿಷದ ವಿಡಿಯೋ. ಹನ್ನೊಂದು ನಿಮಿಷದಲ್ಲಿ ಕೆಲಸ ಖತಂ!"

"ಮಕ್ಕಳು ಬರ್ತಾ ಇದಾರಪ್ಪ," ಎಂದು ಗಡಿಯಾರದವರು ಇಬ್ಬರಿಗೂ ವಿವರಿಸಿದರು. "ಚಿಕ್ಕವಳು ಎಡಗಡೆ ಕೂತ್ಕೋತಾಳೆ. ಬಲಗಡೆ ದೊಡ್ಡವಳು. ಕಿಟಕಿಗೆ ಜಗಳ ಆಡಬಾರದು ನೋಡಿ, ಅದಕ್ಕೆ."

ಹೀಗೆ ಎಡಗಡೆಯದು ಚಿಕ್ಕವಳ ಚಕ್ರವೆಂದೂ ಬಲಗಡೆಯದು ದೊಡ್ಡವಳ ಚಕ್ರವೆಂದೂ ಹೆಸರಾಯಿತು.

ಚಿಕ್ಕವಳ ಚಕ್ರದ ನಾಲ್ಕು ನಟ್ಟುಗಳಲ್ಲಿ ಮೂರು ಮರ್ಯಾದೆಯಾಗಿ ಸಡಿಲಾದವು. ನಾಲ್ಕನೆಯದು ಜಪ್ಪಯ್ಯ ಅಂದರೂ ಅಲುಗಲಿಲ್ಲ. ಮೇಷ್ಟ್ರ ಅಪ್ಪಣೆಯಂತೆ ಏಜೆಂಟ ಸ್ಪ್ಯಾನರಿನ ಮೇಲೆ ಹತ್ತಿ ನಿಂತ. ಮೇಷ್ಟ್ರು "ಒನ್, ಟೂ" ಎಂದರು. "ತ್ರೀ" ಎನ್ನುವಷ್ಟರಲ್ಲಿ ನಟ್ಟು ಬಿಟ್ಟುಕೊಂಡಿತು, ಸ್ಪ್ಯಾನರ್ ಜಾರಿತು, ಕಾರು ತೊಳೆಯಲು ಇಟ್ಟಿದ್ದ ಬಕೆಟ್ಟಿನಲ್ಲಿ ಏಜೆಂಟ ಕೂತಿದ್ದ. ಬಕೆಟ್ಟು ಸೀಳಿಹೋಯಿತು. ಅದಕ್ಕೆ ವಿಮೆ ಇರಲಿಲ್ಲ.

ಚಕ್ರ ಬಿಚ್ಚಿ, ಬ್ರೇಕನ್ನು ಅದುಮಿ ಹಿಡಿಯುವ ಕ್ಯಾಲಿಪರನ್ನು ಕಳಚಿ, ಅದು ಜೋತಾಡದ ಹಾಗೆ ಬಟ್ಟೆ ಒಣಹಾಕುವ ಹಗ್ಗದಿಂದ ಕಟ್ಟಿದರು. ಹಳೆಯ ಪ್ಯಾಡು ಕೈಗೆ ಬಂತು. ಬಿಸ್ಕತ್ತಿನಷ್ಟು ದಪ್ಪ ಇರಬೇಕಾದದ್ದು ಉಗುರಿನಷ್ಟಾಗಿತ್ತು. ಗಡಿಯಾರದವರು ಅದನ್ನು ಮೇಷ್ಟ್ರ ಮುಂದೆ ಹಿಡಿದರು.

"ನೋಡಿ ಮೇಷ್ಟ್ರೇ, ಇದನ್ನೇ ನಂಬ್ಕೊಂಡು ಮಕ್ಕಳನ್ನ ಕೂರಿಸ್ಕೊಂಡು ಹೋಗ್ತಿದ್ರು."

"ಛೆ ಛೆ! ಮನುಷ್ಯತ್ವ ಬೇಡ್ವಾ?" ಎಂದರು ಮೇಷ್ಟ್ರು, ಯಾರನ್ನು ಬಯ್ಯುತ್ತಿದ್ದೇನೆ ಎಂದು ಯೋಚಿಸದೆ.

ಅಲ್ಲಿಯವರೆಗೆ ಎಲ್ಲ ಸುಸೂತ್ರ. ಅಷ್ಟರಲ್ಲಿ ಏಜೆಂಟ, ಹೊಸ ಪ್ಯಾಡು ಕೂರಿಸುವ ಮೊದಲು ಹಳೆಯ ಬ್ರೇಕು ಎಷ್ಟು ಕೆಟ್ಟಿದೆ ನೋಡೋಣವೆಂದು ಒಳಗೆ ಕೂತು ಪೆಡಲನ್ನು ಬಲವಾಗಿ ಒತ್ತಿಬಿಟ್ಟ. ಅದುಮಲು ಪ್ಯಾಡೇ ಇಲ್ಲದ ಕ್ಯಾಲಿಪರಿನೊಳಗಿಂದ ಪಿಸ್ಟನ್ನು ನಾಲಿಗೆ ಚಾಚಿದ ಹಾಗೆ ಹೊರಗೆ ಬಂತು. ಹೊಸ ಪ್ಯಾಡಿಗೆ ಇನ್ನು ಜಾಗವೇ ಇಲ್ಲ.

"ವಿಡಿಯೋದಲ್ಲಿ ಒಳಕ್ಕೆ ತಳ್ತಾರೆ ಅಂಕಲ್," ಎಂದ ಏಜೆಂಟ.

ತಳ್ಳಿದರು. ಮೇಷ್ಟ್ರು ಮನೆಯಿಂದ ಹಲಗೆ ಅದುಮುವ ಕಬ್ಬಿಣದ ಕ್ಲಾಂಪು ತಂದರು. ಒಬ್ಬರು ಹಿಡಿದರು, ಒಬ್ಬರು ತಿರುಗಿಸಿದರು, ಒಬ್ಬನು ಉಸಿರು ಬಿಗಿಹಿಡಿದ. ಕ್ಲಾಂಪು ಸೊಟ್ಟಗಾಯಿತು, ಪಿಸ್ಟನ್ನು ಕೂದಲೆಳೆಯಷ್ಟೂ ಕದಲಲಿಲ್ಲ. ಮೇಷ್ಟ್ರು ಕ್ಲಾಂಪಿಗಾಗಿ ಏಜೆಂಟನನ್ನು ಬಯ್ದರು, ಏಜೆಂಟ ವಿಡಿಯೋದವನನ್ನು ಬಯ್ದ. ಗಂಟೆ ಒಂದಾಯಿತು. ಇಬ್ಬರೂ ಊಟಕ್ಕೆಂದು ಮನೆ ಸೇರಿದರು.

ಗಡಿಯಾರದವರು ಎದ್ದೇಳಲಿಲ್ಲ. ಮೊಣಕೈವರೆಗೆ ಮಸಿ. ಹೆಂಡತಿ ತಟ್ಟೆ ಹಿಡಿದು ಹೊರಗೆ ಬಂದು, ಗೋಣಿಚೀಲದ ಮೇಲೆ ಪಕ್ಕದಲ್ಲೇ ಕೂತು, ಕಲಸಿ ಬಾಯಿಗಿಟ್ಟರು.

"ಸಾಕು ಮಾಡಿ ರೀ. ಮೈಯೆಲ್ಲ ನಡುಗ್ತಿದೆ ನಿಮಗೆ."

"ಚಿಕ್ಕವಳಿಗೆ ಕಾರಲ್ಲಿ ವಾಂತಿ ಆಗೋ ಅಭ್ಯಾಸ ಇದ್ರೆ ಏನು ಮಾಡೋದು?" ಎಂದರು ಅಗಿಯುತ್ತಾ. "ಸೀಟಿನ ಜೇಬಿಗೆ ಎರಡು ಕವರ್ ಇಟ್ಟಿದೀನಿ. ಹೇಳೋಕೆ ನೆನಪು ಮಾಡು."

ತುತ್ತು ಹಿಡಿದ ಕೈ ಅರ್ಧದಲ್ಲೇ ನಿಂತಿತು. ನೋಡಿದರೆ ಹೆಂಡತಿಯ ಕಣ್ಣಿನಿಂದ ನೀರು ಇಳಿಯುತ್ತಿತ್ತು.

"ಅಯ್ಯೋ ಹುಚ್ಚಿ, ಕಾರು ಹೋಗುತ್ತೆ ಅಂತ ಅಳ್ತಾರಾ?" ಎಂದು ಗಡಿಯಾರದವರು ನಕ್ಕರು. "ನಂಗೂ ಸಂಕಟ ಆಗ್ತಿದೆ ಕಣೇ. ಆದ್ರೆ ಇಷ್ಟು ವರ್ಷಕ್ಕಾದ್ರೂ ಹಿಂದಿನ ಸೀಟಲ್ಲಿ ಗಲಾಟೆ ಆಗುತ್ತಲ್ಲ. ನಮ್ಮ ಮನೇಲಲ್ಲದಿದ್ರೂ ನಮ್ಮ ಕಾರಲ್ಲಿ."

"ರೀ, ಒಂದು ಮಾತು..." ಎಂದರು ಹೆಂಡತಿ.

"ತಡಿ, ತಡಿ!"

ಗಡಿಯಾರದವರ ಕಣ್ಣು ಪಿಸ್ಟನ್ನಿನ ಮೇಲೆ ಬಿದ್ದಿತ್ತು. ಜೇಬಿನಿಂದ ತಮ್ಮ ಕಸುಬಿನ ಭೂತಗಾಜನ್ನು ತೆಗೆದು ಕಣ್ಣಿಗೆ ಸಿಕ್ಕಿಸಿಕೊಂಡು ಬಗ್ಗಿದರು. ಪಿಸ್ಟನ್ನಿನ ಮುಖದ ಮೇಲೆ, ಮಸಿಯ ಅಡಿಯಲ್ಲಿ, ಎದುರುಬದುರಾಗಿ ಎರಡು ಕಚ್ಚು. ಕಚ್ಚು ಯಾಕಿರುತ್ತದೆ? ಹಿಡಿದು ತಿರುಗಿಸಲು! ಮೂವತ್ತೆಂಟು ವರ್ಷ ಇನ್ನೇನು ಮಾಡಿದ್ದರು ಅವರು? ಇಕ್ಕಳದ ಎರಡು ಮೂತಿಯನ್ನು ಕಚ್ಚುಗಳಿಗೆ ಕೊಟ್ಟು, ಮೆಲ್ಲಗೆ ಅದುಮುತ್ತಾ, ಗಡಿಯಾರಕ್ಕೆ ಕೀ ಕೊಟ್ಟ ಹಾಗೆ ತಿರುಗಿಸಿದರು. ಮೂರು ಗಂಡಸರ ಬಲಕ್ಕೆ ಜಗ್ಗದ ಪಿಸ್ಟನ್ನು ಸುತ್ತುತ್ತಾ ಸುತ್ತುತ್ತಾ ತೆಪ್ಪಗೆ ಒಳಗೆ ಹೋಯಿತು.

"ಇದು ತಳ್ಳೋ ಸಾಮಾನಲ್ಲ, ತಿರುಗಿಸೋ ಸಾಮಾನು!" ಎಂದು ಅವರು ಕೂಗಿದ ಕೂಗಿಗೆ ಮೇಷ್ಟ್ರು ಎಂಜಲು ಕೈಯಲ್ಲೇ ಓಡಿ ಬಂದರು. ಹೆಂಡತಿ ಹೇಳಬೇಕೆಂದಿದ್ದ ಮಾತನ್ನು ನುಂಗಿಕೊಂಡು ತಟ್ಟೆ ಎತ್ತಿಕೊಂಡು ಒಳಗೆ ಹೋದರು. ತಮ್ಮನಿಗೆ ಫೋನು ಮಾಡಿದರು. ಅವನದು ಸ್ವಿಚ್ ಆಫ್.

ಆಮೇಲೆ ನೋಡಿ, ಕೆಲಸ ಎಂದರೆ ಅದು. ದೊಡ್ಡವಳ ಚಕ್ರ ಅರ್ಧ ಗಂಟೆಯಲ್ಲಿ ಮುಗಿಯಿತು. ಪೆಡಲು ಗಟ್ಟಿಯಾಗುವವರೆಗೆ ಹತ್ತಾರು ಸಲ ಒತ್ತಿದರು. ಏಜೆಂಟ ಓಡಿಸಿದ, ಗಡಿಯಾರದವರು ಪಕ್ಕದಲ್ಲಿ ಕೂತರು, ಮೇಷ್ಟ್ರು ಹಿಂದಿನ ಸೀಟಿನಲ್ಲಿ ಮಕ್ಕಳ ಪರವಾಗಿ ಕೂತರು. ಬೀದಿ ಕೊನೆಯಲ್ಲಿ ಬ್ರೇಕ್ ಹಾಕಿದಾಗ ಕಾರು ಸದ್ದಿಲ್ಲದೆ, ಕುಲುಕದೆ, ಹೇಳಿದ ಜಾಗದಲ್ಲಿ ನಿಂತಿತು. ಮೇಷ್ಟ್ರು ಚಪ್ಪಾಳೆ ತಟ್ಟಿದರು. ವಾಪಸು ಬಂದು ಗೇಟಿನ ಮುಂದೆ ನಿಲ್ಲಿಸಿ, ಗಡಿಯಾರದವರು ತಮ್ಮ ಕೈಯಾರೆ ಹ್ಯಾಂಡ್ ಬ್ರೇಕನ್ನು ಮೇಲಿನ ತನಕ ಎಳೆದರು. ಸ್ನಾನ ಮಾಡಿ, ಇಸ್ತ್ರಿ ಅಂಗಿ ಹಾಕಿಕೊಂಡು, ಮೂರೂ ಮುಕ್ಕಾಲಿಗೆ ಜಗುಲಿಯ ಮೇಲೆ ಕೂತರು. ಮೇಷ್ಟ್ರು, ಏಜೆಂಟ ಕೂಡ ಹೋಗಲಿಲ್ಲ. ಅವರಿಗೂ ಮಕ್ಕಳನ್ನು ನೋಡಬೇಕಿತ್ತು.

ನಾಲ್ಕು ಹತ್ತಕ್ಕೆ ತಿರುವಿನಲ್ಲಿ ಕಾಣಿಸಿದ್ದು ಒಂದು ಲಾರಿ. ಹಿಂದೆ ಬರೀ ಹಲಗೆ, ಒಂದು ರಾಟೆ, ಸರಪಳಿ. ಅದರಿಂದ ಇಳಿದವನು ಕಾರಿನ ನಂಬರು ನೋಡಿ, ಚೀಟಿ ನೋಡಿ, ಮಾತಿಲ್ಲದೆ ಹಲಗೆಯನ್ನು ನೆಲಕ್ಕೆ ಓರೆ ಮಾಡಿ, ಕಾರಿನ ಮುಂಭಾಗಕ್ಕೆ ಸರಪಳಿ ಸಿಕ್ಕಿಸಿದ.

ಗುಮಾಸ್ತರಿಗೆ ಓಡಿಸಲು ಬರುವುದಿಲ್ಲವೇನೋ, ಲಾರಿ ಕಳಿಸಿದ್ದಾರೆ ಎಂದುಕೊಂಡರು ಗಡಿಯಾರದವರು. "ಮಕ್ಕಳು ಬರಲಿಲ್ವಾ?" ಎಂದು ಕೇಳಿದರು.

"ಯಾವ ಮಕ್ಳು ಸಾರ್?"

ಅವನು ರಾಟೆ ಚಾಲೂ ಮಾಡಿದ. ಸರಪಳಿ ಬಿಗಿಯಿತು. ಮುಂದಿನ ಚಕ್ರಗಳು ಉರುಳಿದವು, ಹಿಂದಿನವು ಉರುಳಲಿಲ್ಲ. ಟೈರು ನೆಲಕ್ಕೆ ಉಜ್ಜಿ ವಾಸನೆ ಬಂತು. ಲಾರಿಯವನು ರಾಟೆ ನಿಲ್ಲಿಸಿದ.

"ಬ್ರೇಕ್ ಜಾಮ್ ಆಗಿದೆ ಸಾರ್."

"ಜಾಮ್ ಅಲ್ರೀ ಅದು, ಬ್ರೇಕು!" ಮೇಷ್ಟ್ರು ಗುಡುಗಿದರು. "ಬೆಳಗ್ಗೆಯಿಂದ ಮೂರು ಜನ ಬೆವರು ಸುರಿಸಿ ಹಾಕಿದೀವಿ. ಹೊಸ ಪ್ಯಾಡು!"

"ಈ ಗಾಡಿಗಾ?" ಲಾರಿಯವನಿಗೆ ನಗು ಬಂತು. ಎದುರಿಗೆ ನಿಂತ ಮುಖಗಳನ್ನು ನೋಡಿ ನಗು ನಿಂತಿತು. "ಇದು ಗುಜರಿಗೆ ಸಾರ್. ನಾಳೆ ಬೆಳಗ್ಗೆ ಯಾರ್ಡಲ್ಲಿ ಅಪ್ಪಚ್ಚಿ ಮಾಡ್ತಾರೆ. ನಿಮ್ಮ ಮನೆಯವರೇ ಫೋನ್ ಮಾಡಿ ಹೇಳಿದ್ದಲ್ವಾ?"

ಗಡಿಯಾರದವರು ಬಾಗಿಲ ಕಡೆ ತಿರುಗಿದರು. ಅಷ್ಟು ದೂರದಿಂದ ಹೆಂಡತಿಯ ಮುಖ ಅವರಿಗೆ ಸರಿಯಾಗಿ ಕಾಣಲಿಲ್ಲ.

"ಯಾರೂ ತಗೊಳ್ಳಲ್ಲ ಅಂದ್ರು ರೀ," ಹೆಂಡತಿ ಅಲ್ಲಿಂದಲೇ ಹೇಳಿದರು. "ಎಲ್ಲಾ ಕಡೆ ಕೇಳ್ದ ನನ್ನ ತಮ್ಮ. ಗುಜರಿಗೆ ಅಂದಿದ್ರೆ ನೀವು ಜೀವ ಹೋದ್ರೂ ಕೊಡ್ತಿರಲಿಲ್ಲ. ಕಣ್ಣು ಕಾಣದೆ ಅದನ್ನೇ ಓಡಿಸ್ಕೊಂಡು ಹೋಗಿ ಎಲ್ಲಾದ್ರೂ ಗುದ್ದಿಬಿಡ್ತೀರ ಅಂತ ಭಯ. ಅದಕ್ಕೇ ಅವನು ಏನೋ ಒಂದು ಹೇಳ್ದ. ಬೆಳಗ್ಗೆಯಿಂದ ಬಾಯಿಗೆ ಬರ್ತಿತ್ತು, ಆಡೋಕೆ ಆಗಲಿಲ್ಲ."

ಲಾರಿಯವನೂ ಮನುಷ್ಯನೇ. "ಹೊಸ ಪ್ಯಾಡ್ ಬೇಕಾದ್ರೆ ಬಿಚ್ಕೊಳ್ಳಿ ಸಾರ್," ಎಂದ. "ನಾನು ಕಾಯ್ತೀನಿ."

"ಬೇಡಪ್ಪ. ಸರಿಯಾಗಿರೋ ಗಾಡಿಯಾಗೇ ಹೋಗ್ಲಿ."

ಗಡಿಯಾರದವರು ಕಾರಿನ ಬಾಗಿಲು ತೆಗೆದು ಒಳಗೆ ಕೂತರು. ಹ್ಯಾಂಡ್ ಬ್ರೇಕಿನ ಗುಂಡಿ ಒತ್ತಿ ಮೆಲ್ಲಗೆ ಕೆಳಗಿಳಿಸಿದರು. ಎಂಟು ಗಂಟೆಯಿಂದ ಪಟ್ಟ ಪಾಡೆಲ್ಲ ಹೆಬ್ಬೆರಳ ತುದಿಯಲ್ಲಿ ಸಡಿಲವಾಯಿತು. ಇಳಿದು ಬಾಗಿಲು ಹಾಕಿದರು. ಕಾರು ಹಲಗೆ ಹತ್ತಿತು. ಹಿಂದಿನ ಚಕ್ರಗಳಿಂದ ಒಂದು ಚೂರೂ ಸದ್ದು ಬರಲಿಲ್ಲ. ಅಷ್ಟು ಚೆನ್ನಾಗಿ ಕೂತಿದ್ದವು ಪ್ಯಾಡುಗಳು.

ಲಾರಿ ತಿರುವು ದಾಟಿದ ಮೇಲೆ ಮೇಷ್ಟ್ರು ಏಜೆಂಟನ ತೋಳು ಹಿಡಿದು ಕರೆದುಕೊಂಡು ಹೋದರು. ಗಡಿಯಾರದವರು ಗೋಣಿಚೀಲದ ಮೇಲೆ ಕೂತರು. ಇಸ್ತ್ರಿ ಅಂಗಿಗೆ ಮಸಿ ಹತ್ತುವುದೂ ಅವರ ಗಮನಕ್ಕೆ ಬರಲಿಲ್ಲ. ಹೆಂಡತಿ ಬಂದು ಪಕ್ಕದಲ್ಲಿ ಕೂತರು.

"ಹೋಗ್ಲಿ ಬಿಡಿ ರೀ. ಕಾರಿಗೋಸ್ಕರ ಯಾರಾದ್ರೂ ಹೀಗೆ ಅಳ್ತಾರಾ?"

"ಕಾರಿಗೆ ವಯಸ್ಸಾಗಿತ್ತು ಕಣೇ, ಹೋಯ್ತು," ಎಂದರು ಗಡಿಯಾರದವರು. "ಆ ಮಕ್ಕಳಿಗೇನಾಗಿತ್ತು? ಒಂದಕ್ಕೆ ಎಂಟು ವರ್ಷ, ಒಂದಕ್ಕೆ ಐದು."