ಊರಲ್ಲಿಲ್ಲದ ಭಾಗ್ಯಮ್ಮನಿಂದ ಪಾಸ್‌ಪೋರ್ಟ್ ಕಡತಕ್ಕೆ

ಮಾನ್ಯ ಕಡತ ಮಹಾಶಯರೇ,

ದೇವನಹಳ್ಳಿ ತಾಲ್ಲೂಕು ಚನ್ನರಾಯಪಟ್ಟಣ ಹೋಬಳಿಯ ಭಾಗ್ಯಮ್ಮ ಸೆರಗು ಹೊದ್ದು ಮಾಡುವ ನಮಸ್ಕಾರಗಳು. ತಾವು ಯಾವ ಮೇಜಿನ ಮೇಲೆ ಪವಡಿಸಿದ್ದೀರೋ ತಿಳಿಯದು. ಹತ್ತು ತಿಂಗಳಿಂದ ಮಗ್ಗುಲು ಕೂಡ ಬದಲಿಸದ ತಮ್ಮ ತಾಳ್ಮೆಗೆ ನಾನು ಮಾರುಹೋಗಿದ್ದೇನೆ.

ಸಿಂಗಾಪುರದ ಕನ್ನಡಿಗರು ನವೆಂಬರ್ ಇಪ್ಪತ್ತೆರಡರ ರಾಜ್ಯೋತ್ಸವಕ್ಕೆ ನಮ್ಮ ಸೋಬಾನೆ ತಂಡದ ನಾಲ್ವರನ್ನು ಕರೆದಿದ್ದಾರೆ. ಪಕ್ಕದೂರಿನವರಾದ ಮಾರಕ್ಕ ಮತ್ತು ಇನ್ನಿಬ್ಬರಿಗೆ ಪಾಸ್‌ಪೋರ್ಟ್ ಬಂದಾಗಿದೆ. ಆದರೆ ಸೋಬಾನೆಯಲ್ಲಿ ಒಬ್ಬಳು ಸೊಲ್ಲು ಹೇಳಿಕೊಟ್ಟರೆ ಉಳಿದವರು ಅದನ್ನೇ ತಿರುಗಿ ಹಾಡುವುದು ಪದ್ಧತಿ, ಹೇಳಿಕೊಡುವವಳು ನಾನು. ನಾನಿಲ್ಲದಿದ್ದರೆ ಆ ಮೂವರೂ ವೇದಿಕೆಯ ಮೇಲೆ ಒಬ್ಬರ ಮುಖ ಒಬ್ಬರು ನೋಡುತ್ತಾ ನಿಲ್ಲಬೇಕು. ಹೋಗಬೇಕೆಂಬ ಆಸೆಯೂ ನನಗೆ ವಿಪರೀತ. ಹಿತ್ತಿಲ ಮೇಲೆ ದಿನವಿಡೀ ಹಾರುವ ವಿಮಾನಗಳ ಹೊಟ್ಟೆ ನೋಡಿ ನೋಡಿ ಕತ್ತು ಉಳುಕಿದೆ.

ತಪ್ಪು ತಮ್ಮದಲ್ಲ, ನಮ್ಮೂರಿನದು. ಜಮೀನು ಸ್ವಾಧೀನದ ಮಾತು ಎದ್ದಾಗಿನಿಂದ, ಕಾಗದ ಹಿಡಿದು ಹೆಸರು ಕೇಳಿಕೊಂಡು ಬಂದವರಿಗೆ ಯಾರನ್ನೂ ತೋರಿಸಬಾರದೆಂದು ಊರಿಗೆ ಊರೇ ಕಲಿತುಬಿಟ್ಟಿದೆ. ಪರಿಶೀಲನೆಗೆ ಬಂದ ಪೊಲೀಸಪ್ಪನಿಗೆ ಅರಳೀಕಟ್ಟೆಯವರು ಗೊತ್ತಿಲ್ಲ ಎಂದರು, ಅಂಗಡಿಯವರು ಕೇಳಿಯೇ ಇಲ್ಲ ಎಂದರು. ನಮ್ಮದೇ ಜಗಲಿಯಲ್ಲಿ ಅವರೆಕಾಯಿ ಸುಲಿಯುತ್ತಿದ್ದ ನನ್ನ ಅತ್ತೆ ಸೊಣ್ಣಮ್ಮನವರಂತೂ, "ಆ ಹೆಸರಿನೋರು ಈ ಊರಲ್ಲೇ ಇಲ್ಲ ಕಣಪ್ಪಾ" ಎಂದು ನೀರು ಕೊಟ್ಟು ಕಳಿಸಿದರು. ನಾನು ಒಳಗೆ ಮುದ್ದೆ ತಿರುವುತ್ತಿದ್ದೆ. ಇಪ್ಪತ್ತಾರು ವರ್ಷಗಳಲ್ಲಿ ಅತ್ತೆ ನನ್ನ ಪರವಾಗಿ ಸುಳ್ಳು ಹೇಳಿದ್ದು ಅದೇ ಮೊದಲಾದ್ದರಿಂದ ಬೈಯಲು ಮನಸ್ಸು ಬರಲಿಲ್ಲ.

ಕೊನೆಗೆ ವಕೀಲ ಗೋವಿಂದರಾಜು ಅವರ ಮೂಲಕ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿದೆ. ಅರ್ಜಿದಾರಳೆಂಬ ವ್ಯಕ್ತಿಯೇ ಆ ಊರಿನಲ್ಲಿಲ್ಲವೆಂದು ಎದುರು ಪಕ್ಷದ ಸರ್ಕಾರಿ ವಕೀಲರು ಪೊಲೀಸ್ ವರದಿ ಓದುವಾಗ, ನಾನು ಹಿಂದಿನ ಬೆಂಚಿನಲ್ಲಿ ಆಧಾರ್ ಕಾರ್ಡ್ ಹಿಡಿದು ಕುಳಿತು ಅವರ ವಾಗ್ವೈಖರಿಗೆ ತಲೆದೂಗುತ್ತಿದ್ದೆ. ನ್ಯಾಯಮೂರ್ತಿಗಳು ಎರಡು ವಾರದೊಳಗೆ ಮರುಪರಿಶೀಲನೆ ಮಾಡಿ ಎಂದು ಆದೇಶಿಸಿದರು. ಊರಿಗೆಲ್ಲ ತಿಳಿಹೇಳಿದ್ದೇನೆ, ಈಗ ಗಾಡಿ ಸದ್ದಾದರೆ ಸಾಕು, ಭಾಗ್ಯಮ್ಮ ಇದ್ದಾಳೆ ಎನ್ನುತ್ತಾ ಎಲ್ಲರೂ ಓಡಿಬರುತ್ತಾರೆ. ಮೊನ್ನೆ ಗ್ಯಾಸ್ ಸಿಲಿಂಡರಿನವನು ಹೆದರಿ ವಾಪಸ್ ಹೋದ.

ತಾವು ದಯಮಾಡಿ ಏಳಬೇಕು. ಏಳಲಾಗದಿದ್ದರೆ ತಾವೇ ವಿಮಾನ ಹತ್ತಿ ಸಿಂಗಾಪುರದಲ್ಲಿ ಸೊಲ್ಲು ಹೇಳಿಕೊಡಬೇಕಾಗಿ ಪ್ರಾರ್ಥನೆ. ತಮ್ಮೊಳಗೆ ನನ್ನ ಫೋಟೋ ಇದೆ, ಸಹಿ ಇದೆ, ಬೆರಳಚ್ಚಿದೆ, ಕಂಠವೊಂದು ಕಮ್ಮಿ.

ವರದಿಯ ಪ್ರಕಾರ ಇಲ್ಲದಿದ್ದರೂ
ತಮ್ಮ ವಿಶ್ವಾಸಿ,
ಭಾಗ್ಯಮ್ಮ

ತಾ.ಕ.: ನಿನ್ನೆ ಜೀಪು ಬಂತು. ಊರವರೆಲ್ಲ ಬಂದವರನ್ನು ಮೆರವಣಿಗೆಯಲ್ಲಿ ಕರೆತಂದು ನನ್ನ ಮುಂದೆ ನಿಲ್ಲಿಸಿದರು. ಅವರು ಪೊಲೀಸರಲ್ಲ, ಜಮೀನಿನ ನೋಟೀಸಿನವರು. ಭಾಗ್ಯಮ್ಮ ಎಂಬುವಳು ಈ ಊರಿನಲ್ಲಿಲ್ಲವೆಂದು ಸರ್ಕಾರವೇ ಬರೆದಿದೆ ಎಂದು ನಾನು ಕೋರ್ಟಿನಲ್ಲಿ ಸಿಕ್ಕ ತಮ್ಮ ವರದಿಯ ನಕಲು ತೋರಿಸಿದೆ. ಓದಿಕೊಂಡು, ನೋಟೀಸು ಮಡಚಿಕೊಂಡು ಹೋದರು. ಆದಕಾರಣ ಆ ವರದಿಯನ್ನು ಹರಿದುಹಾಕಬೇಡಿ. ನವೆಂಬರ್ ಇಪ್ಪತ್ತರಿಂದ ಇಪ್ಪತ್ತೈದರವರೆಗೆ ಮಾತ್ರ ನಾನಿದ್ದೇನೆಂದು ಬರೆದುಕೊಳ್ಳಿ. ಮಿಕ್ಕ ದಿನ ಇಲ್ಲದಿದ್ದರೇ ನನಗೆ ಕ್ಷೇಮ.