ತುರ್ತು ಅರ್ಜಿಯ ಮಾವ

ನ್ಯಾಯಾಲಯಕ್ಕೆ ಆತುರ ಕಲಿಸಲು ಹೊರಟಿದ್ದ ನನ್ನ ಸೋದರಮಾವ ಜಯನಗರದಲ್ಲೇ ಅತ್ಯಂತ ನಿಧಾನದ ಮನುಷ್ಯರಾಗಿದ್ದರು! ಇದು ಯಾವ ಕಾಲದ ಮಾತು? ಅತ್ತೆಯ ಪ್ರಕಾರ ನಯಾಪೈಸೆ ಬಂದ ವರ್ಷ. ನನ್ನ ಲೆಕ್ಕದಲ್ಲಿ ಅದರ ಮರುವರ್ಷ. ಎರಡನ್ನೂ ತಾಳೆ ನೋಡಿ ಸೋತು, ಐವತ್ತರ ದಶಕದ ಕೊನೆ ಎಂದಷ್ಟೇ ಹೇಳುತ್ತೇನೆ. ಬಡಾವಣೆಯಲ್ಲಿ ಆಗ ಮನೆಗಳಿಗಿಂತ ಖಾಲಿ ನಿವೇಶನಗಳೇ ಹೆಚ್ಚು. ಬೆಳಗಿನ ಮಂಜಿನಲ್ಲಿ ಗಡಿಕಲ್ಲುಗಳು ಧ್ಯಾನಕ್ಕೆ ಕುಳಿತಂತೆ ಕಾಣುತ್ತಿದ್ದವು.

ಮಾವ ವಕೀಲರು. ಕಾರ್ಖಾನೆಯಲ್ಲಿ ಗಾಯಗೊಂಡವರ ಪರಿಹಾರದ ದಾವೆಗಳು ತೂಕಡಿಸತೊಡಗಿದಾಗ ‘ವಿಚಾರಣೆ ಬೇಗ ಮುಗಿಸಿ’ ಎಂದು ಅರ್ಜಿ ಹಾಕುವುದು ಅವರ ವಿಶೇಷ ವಿದ್ಯೆ.

“ಕೋರ್ಟಿಗೆ ಬೇಗ ಅಂತೀರಿ, ನೀವು ಬಚ್ಚಲಿಗೆ ಹೋಗೋ ಹೊತ್ತಿಗೆ ಹಂಡೆ ನೀರೇ ಆರಿರತ್ತೆ!” ಎನ್ನುತ್ತಿದ್ದರು ಅತ್ತೆ.

“ನೀನೂ ಒಂದು ಅರ್ಜಿ ಹಾಕು, ಪರಿಶೀಲಿಸೋಣ.”

ಅವರ ಕಕ್ಷಿದಾರರಲ್ಲಿ ಸಿದ್ದಾಪುರದ ಮುನಿಯಪ್ಪ ಒಬ್ಬ. ಗಿರಣಿಯ ಯಂತ್ರಕ್ಕೆ ಸಿಕ್ಕಿ ಅವನ ಕಾಲು ಜಜ್ಜಿಹೋಗಿತ್ತು. ಪರಿಹಾರ ಬಂದರೆ ಕೂತು ಮಾಡುವಂಥ ಒಂದು ಪೆಟ್ಟಿಗೆ ಅಂಗಡಿ. ಯುಗಾದಿಯೊಳಗೆ ಬಾರದಿದ್ದರೆ ಆ ಅಂಗಡಿ ಬೇರೆಯವರ ಪಾಲು. ಮಾವ ತುರ್ತು ಅರ್ಜಿ ಹಾಕಿದರು. ಅದರ ವಿಚಾರಣೆಗೆ ಸಿಕ್ಕ ದಿನ ಯಾವುದು? ಮೂಲ ದಾವೆಯ ದಿನಕ್ಕಿಂತಲೂ ಆಮೇಲಿನದು!

“ಹಾಗಾದ್ರೆ ಈ ಅರ್ಜಿಗೂ ಒಂದು ತುರ್ತು ಅರ್ಜಿ ಹಾಕಿ,” ಎಂದು ನ್ಯಾಯಾಧೀಶರು ನಕ್ಕರಂತೆ. ಮಾವ ನಗಲಿಲ್ಲ; ಹಾಕಿಯೇಬಿಟ್ಟರು! ಯುಗಾದಿಗೆ ಮುಂಚೆಯೇ ದಿನ ಸಿಕ್ಕಿತು.

ಆ ಬೆಳಿಗ್ಗೆ ಗ್ರಂಥಾಲಯಕ್ಕೆ ಹೊರಟಿದ್ದ ನಾನೂ ಜೊತೆಗೂಡಿದೆ. ಕೋರ್ಟಿನಲ್ಲಿ ಮೂರು ಸಲ ಹೆಸರು ಕೂಗಿದಾಗ ಹಾಜರಿಲ್ಲದಿದ್ದರೆ ದಾವೆ ವಜಾ. ಸಿದ್ದಾಪುರದಲ್ಲಿ ಮುನಿಯಪ್ಪನೂ ಸೇರಿಕೊಂಡ. ಬಸ್ಸು ಬಂದು ನಿಂತರೂ ಮಾವ ಹತ್ತಲಿಲ್ಲ.

“ಬಸ್ಸಿಗೆ ಬಹಳ ಅವಸರ ಕಣೋ. ಲಾಲ್‌ಬಾಗ್ ದಾಟಿ ಆ ಕಡೆ ಜಟಕಾ ಹಿಡಿಯೋಣ.”

ಲಾಲ್‌ಬಾಗಿನಲ್ಲಿ ಕೆರೆಯ ಮೇಲೆ ಹಬೆಯಾಡುತ್ತಿತ್ತು. ಎಲೆಗಳ ನಡುವಿನ ಬಿಸಿಲು ಇನ್ನೂ ನಿದ್ದೆಗಣ್ಣಿನಲ್ಲಿತ್ತು. ಮಾವ ಹತ್ತು ಹೆಜ್ಜೆಗೊಂದು ಮರದ ಕೆಳಗೆ ನಿಲ್ಲುತ್ತಿದ್ದರು.

“ಆಹಾ, ಈ ಕೊಂಬೆ ನೋಡು!”

“ಮಾವ, ಹೊತ್ತಾಯ್ತು!”

“ಮರಕ್ಕೆ ಆಗಿಲ್ವಲ್ಲೋ.”

ಅಷ್ಟರಲ್ಲಿ ಹಿಂದುಳಿದಿದ್ದ ಮುನಿಯಪ್ಪ ಊರುಗೋಲೂರುತ್ತ ಬಂದು ಸೇರುತ್ತಿದ್ದ. “ಸ್ವಾಮೇರಿಗೆ ಮರದ ಹುಚ್ಚು,” ಎಂದು ಬೆವರೊರೆಸಿಕೊಂಡು ನಗುತ್ತಿದ್ದ. ಮಾವ ಮುಂದಿನ ಮರಕ್ಕೆ ಹೊರಡುತ್ತಿದ್ದರು.

ಮೂರನೆಯ ಕೂಗಿಗೆ ಬಾಗಿಲು ಮುಟ್ಟಿದೆವು. ಮಧ್ಯಾಹ್ನಕ್ಕೆ ತೀರ್ಪು ಮುನಿಯಪ್ಪನ ಪರವಾಯಿತು! ರುಜು ಹಾಕಲು ಅವನು ಒಳಗೇ ಉಳಿದ. “ಅವನ ಹೆಂಡತಿಗೆ ಹೇಳ್ಬೇಕು, ಅಂಗಡಿಯವನು ಬೇರೆಯವರಿಗೆ ಮಾತು ಕೊಟ್ಟುಬಿಟ್ಟಾನು,” ಎಂದು ಮಾವ ಬೀದಿಗಿಳಿದರು. ಬಸ್ಸು ಹೊರಟಿತ್ತು. ನಾನು ನೋಡುನೋಡುತ್ತಿದ್ದಂತೆ ಕರೀಕೋಟಿನ ಆ ನಿಧಾನದೇವರು ಪಂಚೆ ಎತ್ತಿಕಟ್ಟಿ ಓಡಿ, ಚಲಿಸುವ ಬಸ್ಸಿನ ಮೆಟ್ಟಿಲಿಗೆ ನೆಗೆದೇಬಿಟ್ಟರು!

“ಬೇಗ ಬಾರೋ, ಸೋಮಾರಿ!”

ನನಗೆ ಆ ಬಸ್ಸು ಸಿಗಲಿಲ್ಲ. ದೂರವಾಗುತ್ತಿದ್ದ ಅದರ ಅಷ್ಟು ಎತ್ತರದ ಮೆಟ್ಟಿಲನ್ನು ನೋಡುತ್ತ ಬೀದಿಯಲ್ಲೇ ನಿಂತುಬಿಟ್ಟೆ. ಲಾಲ್‌ಬಾಗಿನ ಒಂದೊಂದು ಮರವೂ, ಹಿಂದಿನಿಂದ ಬರುತ್ತಿದ್ದ ಊರುಗೋಲಿನ ಸದ್ದೂ ನೆನಪಾಯಿತು.

ಮಾವ ಈಗಿಲ್ಲ. ಈಚೆಗೆ ನನ್ನಾಕೆಗೆ ಮಂಡಿನೋವು. ಲಾಲ್‌ಬಾಗಿನಲ್ಲಿ ಹಿಂದೆ ಹಿಂದೆ ಬರುತ್ತಾಳೆ.

“ಏನ್ರೀ, ಅಷ್ಟು ಹೊತ್ತು ಏನ್ ನೋಡ್ತೀರಿ ಆ ಮರದಲ್ಲಿ?”

“ಆಹಾ, ಈ ಕೊಂಬೆ ನೋಡು,” ಎನ್ನುತ್ತೇನೆ.